ಅಜ್ಜಿಯ ಅಳುವಿಗೆ ಕಟ್ಟಿದ ತಾಳ

ನನ್ನ ಸೋದರಮಾವ ಹಿಂದಿ ಸಿನಿಮಾಗಳಿಗೆ ಸಂಗೀತ ಕೊಡುತ್ತಿದ್ದ. ತೊಂಬತ್ತರ ದಶಕದ ಚಳ್ಳಕೆರೆಯಲ್ಲಿ ಈ ಮಾತನ್ನು ಹೇಳಿದರೆ ಯಾರೂ ನಂಬುತ್ತಿರಲಿಲ್ಲ. ನಮ್ಮ ಓಣಿಯ ಗಂಡಸರು ಶೇಂಗಾ ಎಣ್ಣೆಯ ಮಿಲ್ಲಿಗೆ ಹೋಗುತ್ತಿದ್ದರು, ಕಂಬಳಿ ವ್ಯಾಪಾರ ಮಾಡುತ್ತಿದ್ದರು, ಲಾರಿ ಓಡಿಸುತ್ತಿದ್ದರು. ಸಿನಿಮಾಕ್ಕೆ ಸಂಗೀತ ಕೊಡುವುದೂ ಒಂದು ಕಸುಬೆಂದು, ಅದನ್ನು ಮಾಡುವವನಿಗೂ ಒಬ್ಬ ಅಕ್ಕ ಇರುತ್ತಾಳೆಂದು, ಆ ಅಕ್ಕ ಓಣಿಯವರ ಜೊತೆಯಲ್ಲೇ ನಲ್ಲಿಯ ಮುಂದೆ ಕೊಡ ಹಿಡಿದು ಸರದಿಗೆ ನಿಂತಿರುತ್ತಾಳೆಂದು ಯಾರಿಗೂ ತೋಚಿರಲಿಕ್ಕಿಲ್ಲ.

“ಹಂಗಾರೆ ನಿಮ್ಮ ಮಾವಂಗೆ ಹೇಳಿ ನನ್ನೂ ಒಂದು ಡ್ಯಾನ್ಸಿಗೆ ಹಾಕ್ಸೇ,” ಎಂದು ಶಾಲೆಯ ಗೆಳತಿಯರು ರೇಗಿಸುತ್ತಿದ್ದರು. ನನ್ನ ಬಳಿ ಇದ್ದ ಸಾಕ್ಷಿಯೆಂದರೆ ಕ್ಯಾಸೆಟ್ಟಿನ ಹೊದಿಕೆಯ ಹಿಂಬದಿ. ಅಲ್ಲಿ ನಾಯಕನ ಹೆಸರು, ನಿರ್ಮಾಪಕನ ಹೆಸರು, ಕ್ಯಾಸೆಟ್ ಕಂಪನಿಯ ಗುರುತು ಎಲ್ಲ ಮುಗಿದ ಮೇಲೆ, ಎಲ್ಲಕ್ಕಿಂತ ಸಣ್ಣ ಅಕ್ಷರದಲ್ಲಿ ಮಾವನ ಹೆಸರು ಇರುತ್ತಿತ್ತು. ಅದೂ ಅವನ ಹುಟ್ಟುಹೆಸರಲ್ಲ. ಆ ಹೆಸರಿನಲ್ಲಿ ಕುರಿಯ ವಾಸನೆ ಬರುತ್ತದೆಂದು ಮುಂಬಯಿಯಲ್ಲಿ ಯಾರೋ ಹೇಳಿದ್ದರಂತೆ, ಬೇರೆಯದನ್ನು ಇಟ್ಟುಕೊಂಡಿದ್ದ.

ಅವನು ಹುಟ್ಟಿದ್ದು ದೇವಸಮುದ್ರದ ಆಚೆಗಿನ ಒಂದು ಹಟ್ಟಿಯಲ್ಲಿ. ತಂದೆ ಕುರಿಯವನು. ಮಾವನೂ ಹದಿಹರೆಯದವರೆಗೆ ಕುರಿ ಮೇಯಿಸಿದ. ಮೊಳಕಾಲ್ಮುರಿಗೆ ಒಂದು ನಾಟಕ ಕಂಪನಿ ಬಂದು ಡೇರೆ ಹಾಕಿದಾಗ ಆಟ ನೋಡಲು ಹೋದವನು ಹಾರ್ಮೋನಿಯಂ ನುಡಿಸುವವನ ಪಕ್ಕ ಹೋಗಿ ಕುಳಿತ. ಕಂಪನಿ ಡೇರೆ ಕಿತ್ತುಕೊಂಡು ಹೊರಟಾಗ ಅವನೂ ಹೊರಟುಹೋದ. ಮುಂದೆ ಕಂಪನಿ ಹುಬ್ಬಳ್ಳಿಯಲ್ಲಿ ಮುಚ್ಚಿತು. ಮಾವ ಅಲ್ಲಿಂದ ಮುಂಬಯಿಯ ರೈಲು ಹತ್ತಿದ. ಅಲ್ಲಿ ಬಹಳ ವರ್ಷ ಒಬ್ಬ ದೊಡ್ಡ ಸಂಗೀತ ನಿರ್ದೇಶಕನ ಸಹಾಯಕನಾಗಿದ್ದ. ಸ್ವರ ಬರೆದುಕೊಳ್ಳುವುದು, ವಾದ್ಯದವರಿಗೆ ಹಂಚುವುದು, ಹಾಡುವವರಿಗೆ ಕಲಿಸುವುದು, ದೊಡ್ಡವನಿಗೆ ಏನೂ ಹೊಳೆಯದ ದಿನ ಹೊಳೆಸಿ ಕೊಡುವುದು. “ಆ ಮನುಷ್ಯನ ಹಾಡಿನಾಗೆ ಅರ್ಧ ನನ್ನವೇ,” ಎನ್ನುತ್ತಿದ್ದ. ಯಾವ ಅರ್ಧವೆಂದು ಕೇಳಿದರೆ ನಗುತ್ತಿದ್ದ. ಕೊನೆಗೂ ಸ್ವಂತ ಹೆಸರಿನಲ್ಲಿ ಸಿನಿಮಾ ಸಿಕ್ಕಾಗ ಅವನ ಕಿವಿಯ ಬಳಿ ಕೂದಲು ಬೆಳ್ಳಗಾಗಿತ್ತು. ಮದುವೆಯಾಗಿರಲಿಲ್ಲ.

ಮೊದಲಿನ ಸಿನಿಮಾಗಳು ಬಂದದ್ದೂ ತಿಳಿಯಲಿಲ್ಲ, ಹೋದದ್ದೂ ತಿಳಿಯಲಿಲ್ಲ. ಆಮೇಲೆ ಬಂದ ಒಂದೇ ಒಂದು ಹಾಡು ದೇಶವನ್ನೆಲ್ಲ ಸುತ್ತಿತು. ನಾನು ಬರೆಯಬೇಕೆಂದಿರುವುದು ಆ ಹಾಡನ್ನು ಕುರಿತು. ಅದು ಎಲ್ಲಿಂದ ಬಂತು, ಅದಕ್ಕಾಗಿ ಯಾರು ಏನನ್ನು ಕಳೆದುಕೊಂಡರು ಎಂಬುದನ್ನು ಕುರಿತು.

ಅದಕ್ಕೂ ಮೊದಲು ನಮ್ಮ ಅಜ್ಜಿಯ ದನಿಯ ಬಗ್ಗೆ ಹೇಳಬೇಕು. ಅಜ್ಜಿ ಎಂದರೆ ಮಾವನ ತಾಯಿ, ನಮ್ಮವ್ವನ ತಾಯಿ. ಹಟ್ಟಿಗಳಲ್ಲಿ ಸಾವಾದರೆ ಹೆಂಗಸರು ಹಾಡಿಕೊಂಡು ಅಳುತ್ತಾರೆ. ಅಜ್ಜಿಯ ಮನೆತನಕ್ಕೆ ಇದಕ್ಕಾಗಿ ಒಂದು ಧಾಟಿ ಇತ್ತು. ಅದನ್ನು ಅವರೆಲ್ಲ ‘ದನಿ’ ಎನ್ನುತ್ತಿದ್ದರು. ಮಾತು ಸತ್ತವರಿಗೆ ತಕ್ಕಂತೆ ಹುಟ್ಟುತ್ತಿತ್ತು: ಕುರುಬನಾದರೆ ಅವನ ಕೋಲು, ಕಂಬಳಿ, ಬಾಣಂತಿಯಾದರೆ ತೊಟ್ಟಿಲು. ಆಂಧ್ರದ ಗಡಿಯ ಹಟ್ಟಿಯಾದ್ದರಿಂದ ಅರ್ಧ ಕನ್ನಡ, ಅರ್ಧ ತೆಲುಗು. ದನಿ ಮಾತ್ರ ಬದಲಾಗುತ್ತಿರಲಿಲ್ಲ. ಅದು ಮೊದಲು ನಿಧಾನವಾಗಿ ಮೇಲೇರಿ, ಉಸಿರು ಮುಗಿಯುವ ಜಾಗದಲ್ಲಿ ಕಡಿದು ನಿಂತು, ಆಮೇಲೆ ಒಂದೊಂದೇ ಮೆಟ್ಟಿಲಿಳಿದಂತೆ ಕೆಳಗೆ ಬರುತ್ತಿತ್ತು. ಅಜ್ಜಿ ಕಡಿದು ನಿಲ್ಲಿಸಿದ ಜಾಗವನ್ನು ಉಳಿದ ಹೆಂಗಸರು ಎತ್ತಿಕೊಳ್ಳುತ್ತಿದ್ದರು. ಸುತ್ತಿನ ಹಟ್ಟಿಗಳವರು ಸಾವಾದಾಗ ಮೊದಲು ಅವಳಿಗೆ ಹೇಳಿಕಳಿಸುತ್ತಿದ್ದರು. ಅವಳು ಬಂದು, ಚಪ್ಪಲಿ ಬಿಟ್ಟು, ಹೆಣದ ತಲೆಯ ಕಡೆ ಕುಳಿತು ದನಿ ತೆಗೆದರೆ ಅಲ್ಲಿಯವರೆಗೆ ಕಲ್ಲಿನಂತೆ ನಿಂತಿದ್ದ ಮಗನೂ ಕುಸಿಯುತ್ತಿದ್ದ.

ಇದಕ್ಕೊಂದು ಕಟ್ಟಳೆ ಇತ್ತು. ಸಾವಿಲ್ಲದ ಮನೆಯಲ್ಲಿ ಆ ದನಿಯನ್ನು ಗುನುಗುವಂತಿಲ್ಲ. ಕಲಿಯುವವರು ಹಟ್ಟಿಯ ಹೊರಗೆ, ಕುರಿರೊಪ್ಪವನ್ನೂ ದಾಟಿ, ಬಯಲಿನಲ್ಲಿ ಕುಳಿತು ಕಲಿಯಬೇಕು. ಕಾಲು ತೊಳೆದುಕೊಂಡು ಒಳಗೆ ಬರಬೇಕು. ಅವ್ವ ಹಾಗೆಯೇ ಕಲಿತಿದ್ದಳು. ಮಾವನಿಗೆ ಯಾರೂ ಕಲಿಸಲಿಲ್ಲ. ಅವನು ಚಿಕ್ಕವನಿದ್ದಾಗ ಅವನಪ್ಪ ತೀರಿಕೊಂಡ. ಅಂದು ಅಜ್ಜಿ ಅವನನ್ನು ತೊಡೆಯ ಮೇಲೆ ಹಾಕಿಕೊಂಡೇ ಗಂಡನಿಗಾಗಿ ಹಾಡಿ ಅತ್ತಳಂತೆ. “ಅವ್ವನ ಹೊಟ್ಟೆ ಏರಿಳಿಯೋದು ನನ್ನ ಬೆನ್ನಿಗೆ ತಿಳೀತಿತ್ತು,” ಎಂದು ಮಾವ ಮುಂದೊಮ್ಮೆ ನನಗೆ ಹೇಳಿದ. ಅವನಿಗೆ ಆ ದನಿ ಬಂದದ್ದು ಹಾಗೆ.

ಆ ಕ್ಯಾಸೆಟ್ಟನ್ನು ಮಾವ ಚಳ್ಳಕೆರೆಯ ನಮ್ಮ ಮನೆಗೆ ಕಳಿಸಿದಾಗ ಅಜ್ಜಿ ಕಂಬಳಿ ಮಾರಲೆಂದು ಬಂದು ನಮ್ಮಲ್ಲೇ ಉಳಿದಿದ್ದಳು. ಅವ್ವ ಮೊರದಲ್ಲಿ ಅಕ್ಕಿ ಆರಿಸುತ್ತಿದ್ದಳು. ನಾನು ಟೇಪ್ ರೆಕಾರ್ಡರಿಗೆ ಕ್ಯಾಸೆಟ್ ಹಾಕಿದೆ. ಮೊದಲು ಡೋಲಕ್, ಅದರ ಮೇಲೆ ಕೀಬೋರ್ಡು, ಚಪ್ಪಾಳೆ. ಆಮೇಲೆ ಹುಡುಗಿಯೊಬ್ಬಳ ದನಿ, ತನ್ನ ಬಳೆಗಳ ಬಗ್ಗೆ, ಬಳೆ ತೊಡಿಸಿದವನ ಬಗ್ಗೆ ಹಿಂದಿಯಲ್ಲಿ ತುಂಟತನದಿಂದ ಹಾಡತೊಡಗಿತು. ನನಗೆ ಇಷ್ಟವಾಯಿತು. ಕುಣಿಯುವಂತಿತ್ತು. ತಿರುಗಿ ನೋಡಿದರೆ ಅವ್ವನ ಕೈ ಮೊರದ ಮೇಲೆ ನಿಂತುಬಿಟ್ಟಿದೆ.

ಅಜ್ಜಿ ಎದ್ದಳು. ಬಾಗಿಲಲ್ಲಿ ಬಿಟ್ಟಿದ್ದ ಚಪ್ಪಲಿಯನ್ನು ಮೆಟ್ಟದೆ ಅಂಗಳಕ್ಕೆ ಇಳಿದು, ಬಾನಿಯ ತಣ್ಣೀರನ್ನು ಉಟ್ಟ ಸೀರೆಯ ಸಮೇತ ತಲೆಯ ಮೇಲೆ ಸುರಿದುಕೊಂಡಳು. ಸೂತಕದ ಸುದ್ದಿ ಕೇಳಿದವರು ಮಾಡುವ ಸ್ನಾನ ಅದು. ನೀರು ಸೋರುತ್ತಲೇ ಬಂದು ಅವ್ವನನ್ನು ಕೇಳಿದಳು.

“ಯಾರು ಹೋದ್ರೇ?”

“ಯಾರೂ ಹೋಗಿಲ್ಲವ್ವ. ಸಿನಿಮಾ ಹಾಡದು.”

“ನನ್ನ ದನಿ ನಂಗೆ ಗೊತ್ತಾಗಲ್ವಾ? ಅವನು ಹೇಳಿಕಳ್ಸ್ಯಾನೆ. ಅವನಿಗೇ ಏನೋ ಆಗೈತೆ. ನಡೀರಿ, ಫೋನ್ ಮಾಡ್ರಿ.”

ಯಾರು ಹೇಳಿದರೂ ಕೇಳಲಿಲ್ಲ. ಒದ್ದೆ ಸೀರೆಯಲ್ಲೇ ಬಸ್ ನಿಲ್ದಾಣದ ಬಳಿಯ ಎಸ್‌ಟಿಡಿ ಬೂತಿಗೆ ನಡೆದಳು. ಬೂತಿನವನು, “ಏನಜ್ಜಿ, ಮಳೆ ನಿನ್ನ ಒಬ್ಬಾಕೆ ಮ್ಯಾಲೆ ಬಂತಾ?” ಎಂದು ನಕ್ಕ. ಮುಂಬಯಿಯಲ್ಲಿ ಗಂಟೆ ಬಾರಿಸಿತು. ಮಾವ ಎತ್ತಿದ.

“ನಾಯ್ನಾ, ಇದೀಯೇನಪ್ಪಾ?” ತಂದೆಯನ್ನು ಕರೆಯುವ ಆ ತೆಲುಗು ಮಾತಿನಲ್ಲೇ ಅವಳು ಮಗನನ್ನು ಕರೆಯುತ್ತಿದ್ದಳು.

ಅತ್ತ ಕಡೆಯ ಮಾತು ಗಾಜಿನ ಗೂಡಿನಾಚೆ ನಿಂತ ನಮಗೂ ಕೇಳುವಷ್ಟು ಜೋರಾಗಿತ್ತು. “ಇದೀನವ್ವಾ! ಹಾಡು ಕೇಳ್ದೇನು? ಹೆಂಗೈತೆ?”

ಅಜ್ಜಿ ರಿಸೀವರನ್ನು ಅವ್ವನ ಕೈಗಿಟ್ಟು ಅಲ್ಲೇ ಮೆಟ್ಟಿಲ ಮೇಲೆ ಕುಳಿತಳು. ಮಗ ಬದುಕಿದ್ದಾನೆ ಎಂಬ ಸಮಾಧಾನ ಅವಳ ಮುಖದಲ್ಲಿ ಬಂದು ಹೋದುದನ್ನು ನಾನು ಕಂಡೆ. ಅದರ ಹಿಂದೆಯೇ ಬಂದದ್ದು ಏನೆಂದು ಅಂದು ನನಗೆ ತಿಳಿಯಲಿಲ್ಲ.

ಒಂದೆರಡು ತಿಂಗಳಲ್ಲಿ ಆ ಹಾಡು ಎಲ್ಲೆಡೆ ಇತ್ತು. ಮದುವೆಯ ಬ್ಯಾಂಡಿನವರು ನುಡಿಸಿದರು. ಪರಶುರಾಂಪುರದಿಂದ ಈರುಳ್ಳಿ ತರುವ ಟ್ರ್ಯಾಕ್ಟರುಗಳು ಅದನ್ನು ಕಿರುಚಿಸಿಕೊಂಡು ಬಂದವು. ಗಣಪತಿಯ ಪೆಂಡಾಲಿನಲ್ಲಿ ಶಾಲೆಯ ಹುಡುಗಿಯರು ಅದಕ್ಕೆ ಬಳೆ ತುಂಬಿದ ಕೈ ಬೀಸಿ ಕುಣಿದರು. ಗೆಳತಿಯರಿಗೆ ಈಗ ನಾನು ದೊಡ್ಡವಳಾಗಿದ್ದೆ. ಅವ್ವ ಮಾತ್ರ ಆ ಹಾಡು ಕೇಳಿಬಂದರೆ ಕಿಟಕಿ ಮುಚ್ಚುತ್ತಿದ್ದಳು.

ಹಟ್ಟಿಯಲ್ಲಿ ಮರುಬೇಸಿಗೆಗೆ ಒಬ್ಬ ಹಿರಿಯ ತೀರಿಕೊಂಡ. ಅಜ್ಜಿಯನ್ನು ಕರೆದರು. ಅವ್ವನ ಜೊತೆ ನಾನೂ ಇದ್ದೆ. ಅಜ್ಜಿ ಚಪ್ಪಲಿ ಬಿಟ್ಟು, ಹೆಣದ ತಲೆಯ ಕಡೆ ಕುಳಿತು, ಆ ಮನುಷ್ಯ ಸಾಕಿದ್ದ ಟಗರನ್ನು ನೆನೆದು ದನಿ ತೆಗೆದಳು. ಮೊದಲ ಏರು ಮುಗಿಯುವ ಮುಂಚೆಯೇ ಹಿಂದೆ ನಿಂತಿದ್ದ ಗಂಡಸರ ಗುಂಪಿನಲ್ಲಿ ಯಾರದೋ ಬೆರಳು ತಗಡಿನ ಡಬ್ಬದ ಮೇಲೆ ಆಡಿತು. ಅದೇ ಡೋಲಕ್ಕು. ಬೇಕೆಂದು ಮಾಡಿದ್ದಲ್ಲ, ಕಿವಿಗೆ ಬಿದ್ದ ಕೂಡಲೇ ಬೆರಳು ತಾನಾಗಿ ಆಡಿಬಿಟ್ಟಿತು. ಒಬ್ಬ ಕಿಸಕ್ಕನೆ ನಕ್ಕ. ನಗುವನ್ನು ತಡೆಯಲು ಹೋದ ಇನ್ನೊಬ್ಬನಿಗೆ ಕೆಮ್ಮು ಬಂತು.

“ಲೇ, ಹೆಣದ ಮುಂದೆ ಎಂಥ ನಗು ಲೇ!” ಎಂದು ಮುದುಕನೊಬ್ಬ ಗದರಿದ.

“ನಾನೇನ್ ಮಾಡ್ಲಿ ದೊಡ್ಡಪ್ಪ, ಅಜ್ಜಿ ಬಳೆ ಹಾಡು ಹೇಳಾಕ್ ಹತ್ಯಾಳೆ.”

ಸತ್ತವನ ಮಗಳು ಮುಖವೆತ್ತಿ ಅಜ್ಜಿಯ ಮೊಣಕಾಲು ಮುಟ್ಟಿದಳು. “ಅಜ್ಜಿ, ನಿನ್ನ ಕಾಲು ಹಿಡ್ಕೊಂತೀನಿ, ಬ್ಯಾರೆ ಏನಾರ ಹೇಳು. ನಮ್ಮಪ್ಪನ ಮುಂದೆ ಇದು ಬ್ಯಾಡ.”

ಬೇರೆ ಏನೂ ಇರಲಿಲ್ಲ. ಅಜ್ಜಿ ಸುಮ್ಮನಾದಳು. ಆಮೇಲೆ ಅವಳನ್ನು ಕರೆಯುವುದು ಕಡಿಮೆಯಾಯಿತು; ಕರೆದರೂ ಅವಳು ಮೂಲೆಯಲ್ಲಿ ಕುಳಿತು ಬಂದಳೇ ಹೊರತು ಬಾಯಿ ತೆರೆಯಲಿಲ್ಲ. ಅವಳ ಅತ್ತೆಯಿಂದ, ಆ ಅತ್ತೆಯ ಅತ್ತೆಯಿಂದ ಇಳಿದು ಬಂದ ದನಿ ಆ ತಗಡಿನ ಡಬ್ಬದ ಸದ್ದಿಗೆ ನಿಂತುಹೋಯಿತು.

ನಾನು ವಿಶ್ವವಿದ್ಯಾಲಯ ಸೇರಿದೆ. ಜನಪದ ಸಾಹಿತ್ಯದ ತರಗತಿಯಲ್ಲಿ ನಮಗೆ ಮೊದಲು ಬರೆಸಿದ ವಾಕ್ಯ ಹೀಗಿತ್ತು: ಜನಪದ ಗೀತೆಗೆ ಕರ್ತೃವಿಲ್ಲ, ಅದು ಸಮುದಾಯದ ಸೊತ್ತು. ಪರೀಕ್ಷೆಯಲ್ಲಿ ಅದನ್ನು ಬರೆದವರಿಗೆ ಅಂಕ ಸಿಗುತ್ತಿತ್ತು. ನಾನು ಎದ್ದು ನಿಂತು, ಸಮುದಾಯದ ಸೊತ್ತನ್ನು ಯಾರಾದರೂ ಎತ್ತಿಕೊಂಡು ಹೋದರೆ ಸಮುದಾಯ ಯಾರ ಬಳಿ ದೂರು ಕೊಡಬೇಕು ಎಂದು ಕೇಳಿದೆ. ಅಧ್ಯಾಪಕರು ಅದು ಪಠ್ಯಕ್ಕೆ ಸಂಬಂಧಿಸಿದ್ದಲ್ಲ ಎಂದರು. ಕರ್ತೃವಿಲ್ಲ ಎಂಬ ಆ ಒಂದು ಮಾತು ಎಷ್ಟು ಜನರಿಗೆ ಎಷ್ಟು ಅನುಕೂಲ ಮಾಡಿಕೊಟ್ಟಿದೆ ಎಂದು ನಾನು ಇಂದಿಗೂ ಯೋಚಿಸುತ್ತೇನೆ. ನಮ್ಮ ದನಿಗೆ ಮನೆ ಇತ್ತು, ಬಾಗಿಲಿತ್ತು, ಯಾವಾಗ ತೆರೆಯಬೇಕು ಎಂಬ ಕಟ್ಟಳೆಯಿತ್ತು. ಅದನ್ನು ಕಾಯುತ್ತಿದ್ದವಳಿಗೆ ಓದು ಬರುತ್ತಿರಲಿಲ್ಲ ಎಂಬ ಒಂದೇ ಕಾರಣಕ್ಕೆ ನಮ್ಮ ಪಠ್ಯ ಅವಳನ್ನು ಇಲ್ಲವಾಗಿಸಿತ್ತು.

ಆ ವರ್ಷದ ರಜೆಯಲ್ಲೇ ಚಳ್ಳಕೆರೆಯವರು ಮಾವನಿಗೆ ಸನ್ಮಾನ ಏರ್ಪಡಿಸಿದರು. ಊರಿನ ಮಗ, ಗಡಿನಾಡಿನ ಹೆಮ್ಮೆ ಎಂದೆಲ್ಲ ಬ್ಯಾನರಿನಲ್ಲಿ ಬರೆದಿತ್ತು. ಅಜ್ಜಿಯನ್ನೂ ವೇದಿಕೆಗೆ ಹತ್ತಿಸಿ, ಶಾಲು ಹೊದಿಸಿ, ಹಣ್ಣಿನ ಬುಟ್ಟಿ ಕೊಟ್ಟರು. “ಇಂಥ ಮಗನನ್ನು ಹೆತ್ತ ತಾಯಿ,” ಎಂದು ನಿರೂಪಕ ಕೂಗಿದ ಕೂಡಲೇ ಆರ್ಕೆಸ್ಟ್ರಾದವರು ಆ ಹಾಡನ್ನು ಎತ್ತಿಕೊಂಡರು. ಸೀಟಿ, ಕೇಕೆ. ನಾನು ಮುಂದಿನ ಸಾಲಿನಲ್ಲಿದ್ದೆ. ಬುಟ್ಟಿಯ ಕೆಳಗೆ ಅಜ್ಜಿಯ ಕಾಲು ಕಾಣುತ್ತಿತ್ತು. ಅವಳು ಒಂದು ಪಾದದಿಂದ ಇನ್ನೊಂದು ಪಾದದ ಚಪ್ಪಲಿಯನ್ನು ಮೆಲ್ಲಗೆ ಕಳಚುತ್ತಿದ್ದಳು. ಅಷ್ಟು ಜನರ ನಡುವೆ, ಅಷ್ಟು ಬೆಳಕಿನಲ್ಲಿ, ಅವಳು ಬರಿಗಾಲಲ್ಲಿ ನಿಂತು ಸಾವಿಗೆ ಸಲ್ಲಬೇಕಾದ ಮರ್ಯಾದೆಯನ್ನು ಸಲ್ಲಿಸುತ್ತಿದ್ದಳು. ಪಕ್ಕದಲ್ಲಿ ಮಾವ ಕೈ ಮುಗಿದು ನಗುತ್ತಿದ್ದ.

ಮರುದಿನ ಬೆಳಿಗ್ಗೆ ನಮ್ಮ ಮನೆಯ ಜಗಲಿಯಲ್ಲಿ ಅವನು ಕಾಫಿ ಕುಡಿಯುತ್ತಿದ್ದಾಗ ನಾನು ಎದುರಿಗೆ ಹೋಗಿ ಕುಳಿತೆ.

“ಏನೇ ಸೊಸಿ, ಮಕ ಯಾಕೆ ಹಂಗೆ? ಮಾವ ನನ್ನ ಕಟ್ಕೊಳ್ಲಿಲ್ಲ ಅಂತ ಸಿಟ್ಟೇನು?”

“ಆ ಹಾಡು ಯಾರ್ದು ಮಾವ?”

ಲೋಟವನ್ನು ಕೆಳಗಿಟ್ಟ. “ನಂದು.”

“ಅಜ್ಜಿ ದನಿ ಅಲ್ವಾ?”

“ದನಿ ಅವ್ವಂದಿರಬೌದು. ಹಾಡು ನಂದು. ನೋಡು, ನಮ್ಮ ಲೈನಿನಾಗೆ ಮೊದ್ಲು ಟ್ಯೂನು, ಮಾತು ಆಮೇಲೆ. ಬರೆಯೋನು ಬಂದು ಕೂತು ನಾವು ಕೊಟ್ಟ ಅಳತೆಗೆ ಮಾತು ತುಂಬ್ತಾನೆ. ಅವ್ವ ಮಾಡೋದೂ ಅದನ್ನೇ ಅಲ್ವೇನೇ? ಇವತ್ತು ಒಬ್ಬ ಸತ್ರೆ ಒಂದು ಮಾತು, ನಾಳೆ ಇನ್ನೊಬ್ಬ ಸತ್ರೆ ಇನ್ನೊಂದು. ನಾನೂ ಮಾತು ಬದಲಾಯಿಸಿದೆ, ಅಷ್ಟೇ.”

“ಅಜ್ಜಿ ಮಾತು ಬದಲಾಯಿಸ್ತಾಳೆ, ಸಾವು ಬದಲಾಯಿಸಲ್ಲ ಮಾವ.”

ಅವನು ಮಿಲ್ಲಿನ ಹೊಗೆಕೊಳವೆಯ ಕಡೆ ತಿರುಗಿದ. ಆಮೇಲೆ, ನನಗೆ ಹೇಳುತ್ತಿರುವಂತೆಯೂ ಅಲ್ಲದ ದನಿಯಲ್ಲಿ, ಅದು ಹೇಗಾಯಿತೆಂದು ಹೇಳಿದ. ನಿರ್ಮಾಪಕನ ಮನೆಯಲ್ಲಿ ಹಾಡು ಕಟ್ಟಲು ಕುಳಿತಿದ್ದರಂತೆ. ಇವನು ನುಡಿಸಿದ್ದನ್ನೆಲ್ಲ ಆ ಮನುಷ್ಯ ಬೇಡ ಬೇಡ ಎನ್ನುತ್ತಲೇ ಇದ್ದ. ಇನ್ನು ಬೇರೆಯವನನ್ನು ಕರೆಸುತ್ತೇನೆ ಎಂದು ಎದ್ದು ಒಳಗೆ ಹೋದ. ಇವನು ಒಬ್ಬನೇ ಉಳಿದ. ಸಿನಿಮಾ ಕೈತಪ್ಪಿತು ಎಂದು ಖಚಿತವಾಗಿತ್ತು. ಬೆರಳು ತಾನಾಗಿ ಹಾರ್ಮೋನಿಯಂ ಮೇಲೆ ಅವ್ವನ ದನಿಗೆ ಹೋಯಿತು. ತನಗೋಸ್ಕರ, ನಿಧಾನವಾಗಿ ನುಡಿಸಿಕೊಂಡ. ಒಳಗಿಂದ ನಿರ್ಮಾಪಕ ಕೂಗಿದ: ಅದೇ, ಅದೇ, ಸ್ವಲ್ಪ ಜೋರಾಗಿ ಓಡಿಸು.

“ಓಡಿಸಿದೆ,” ಎಂದ ಮಾವ. “ಏನ್ ಮಾಡ್ಲಿ? ಅಷ್ಟು ವರ್ಷ ಬ್ಯಾರೆಯವರ ಹೆಸರಿನಾಗೆ ಸತ್ತಿದ್ದೆ.”

ನನಗೆ ಅವನ ಮೇಲೆ ಕರುಣೆ ಬಂತು. ಕರುಣೆ ಬಂದರೂ ಕೇಳಬೇಕಾದದ್ದನ್ನು ಬಿಡಬಾರದೆಂದು ಕೇಳಿದೆ. ‘ಇದು ನನ್ನ ತಾಯಿಯ ದನಿ, ಸಾವಿನ ಮನೆಯದು’ ಎಂದು ಅವನು ಒಂದು ಪತ್ರಿಕೆಯವರ ಮುಂದೆ ಹೇಳಲಿ. ಮುಂದಿನ ಕ್ಯಾಸೆಟ್ಟುಗಳ ಮೇಲೆ ಅವಳ ಹೆಸರು ಬರಲಿ. ಅದೂ ಆಗದಿದ್ದರೆ ಹಟ್ಟಿಗೆ ಹೋಗಿ ನಾಲ್ಕು ಜನರ ನಡುವೆ ಅವಳ ಮುಂದೆ ಕುಳಿತು, ‘ಇದು ನಿನ್ನದು, ಕೇಳದೆ ತಗೊಂಡೆ’ ಎಂದಾದರೂ ಹೇಳಲಿ.

“ಹೇಳಿದ್ರೆ ಏನಾಗ್ತೈತೆ ಗೊತ್ತೇನು ನಿನಗೆ? ಇವನ ಹತ್ರ ಇದ್ದದ್ದೇ ಒಂದು, ಅದೂ ಇವನದಲ್ಲ ಅಂತಾರೆ. ಅಲ್ಲಿಗೆ ನನ್ನ ಕತೆ ಮುಗೀತು.”

“ಹೇಳದೆ ಇದ್ರೆ ಅಜ್ಜಿ ಕತೆ ಮುಗೀತೈತೆ.”

“ಅವ್ವ ಏನೂ ಅಂದಿಲ್ಲ. ನೀನ್ ಯಾಕ್ ಅಂತೀಯಾ?”

ಅದು ನಿಜ. ಅಜ್ಜಿ ಏನೂ ಅಂದಿರಲಿಲ್ಲ. ದೋಚಿಸಿಕೊಂಡವರು ಸುಮ್ಮನಿದ್ದಾರೆ ಎಂಬುದೇ ದೋಚಿದವರ ಕೊನೆಯ ಸಮರ್ಥನೆ ಎಂದು ನಾನು ಓದಿದ್ದೆ. ಆ ದಿನ ಅದನ್ನು ನನ್ನದೇ ಮನೆಯ ಜಗಲಿಯಲ್ಲಿ, ನಾನು ಪ್ರೀತಿಸುತ್ತಿದ್ದ ಬಾಯಿಂದ ಕೇಳಿದೆ.

ಆ ಒಂದು ಹಾಡಿನಾಚೆಗೆ ಮಾವನ ದಾರಿ ಬೆಳೆಯಲಿಲ್ಲ. ಎಲ್ಲರೂ ಅವನಿಂದ ಅದರಂಥದ್ದೇ ಇನ್ನೊಂದನ್ನು ಕೇಳಿದರು. ಇನ್ನೊಂದು ಅವನಲ್ಲಿರಲಿಲ್ಲ, ಅಜ್ಜಿಯ ಬಳಿಯೂ ಇದ್ದದ್ದು ಒಂದೇ. ಅಷ್ಟರಲ್ಲಿ ಕಂಪ್ಯೂಟರಿನಲ್ಲೇ ವಾದ್ಯಗಳೆಲ್ಲ ಬಂದು, ಸ್ವರ ಬರೆದು ಹಂಚುವ ಅವನ ಹಳೆಯ ಕಸುಬಿಗೂ ಜನ ಬೇಡವಾದರು. ಕೆಲವು ವರ್ಷಗಳ ಮೇಲೆ, ಮೂತ್ರಪಿಂಡ ಕೆಟ್ಟು, ಒಂದು ಸೂಟ್‌ಕೇಸು ಮತ್ತು ಹಾರ್ಮೋನಿಯಂ ಹಿಡಿದುಕೊಂಡು ಚಳ್ಳಕೆರೆಗೆ ಬಂದ. ಅವನ ಆರೈಕೆಗೆಂದು ಅಜ್ಜಿಯೂ ಹಟ್ಟಿಯಿಂದ ಬಂದಳು.

ಒಂದು ಮಧ್ಯಾಹ್ನ ಟಿವಿಯಲ್ಲಿ ಆ ಹಾಡು ಬಂತು. ಅದೇ ಹಾಡು, ಆದರೆ ಇನ್ನೂ ವೇಗ. ಡೋಲಕ್ಕಿನ ಜಾಗದಲ್ಲಿ ಯಂತ್ರದ ಬಡಿತ, ನಡುನಡುವೆ ಇಂಗ್ಲಿಷಿನ ಕೂಗು. ಹೊಸ ಹುಡುಗನೊಬ್ಬ ಅದನ್ನು ರೀಮಿಕ್ಸ್ ಮಾಡಿದ್ದ. ಪರದೆಯ ಕೆಳಗೆ ಆ ಹುಡುಗನ ಹೆಸರು ಬಂತು, ಕಂಪನಿಯ ಹೆಸರು ಬಂತು. ಮಾವ ಹಾಸಿಗೆಯಿಂದ ಎದ್ದು ಬಂದು ಪರದೆಗೆ ಮುಖವಿಟ್ಟು ಹುಡುಕಿದ.

“ನನ್ನ ಹೆಸರೇ ಇಲ್ಲ! ಕೇಳಿಲ್ಲ, ಹೇಳಿಲ್ಲ! ಸೊಸಿ, ನೀನು ಬರೆಯೋಳಲ್ವಾ, ಬರೀ ಇದನ್ನ. ಪತ್ರಿಕೆಗೆ ಬರೀ. ಕಳ್ಳರು, ಕಳ್ಳ ನನ್ಮಕ್ಳು!”

ಹೇಳಲು ಸಿದ್ಧವಿದ್ದ ಮಾತು ನನ್ನ ಬಾಯಲ್ಲೇ ಇತ್ತು. ಊದಿಕೊಂಡಿದ್ದ ಅವನ ಪಾದಗಳನ್ನು ನೋಡಿ ನುಂಗಿಕೊಂಡೆ. ಅಜ್ಜಿ ಗೋಡೆಗೊರಗಿ ಕುಳಿತಿದ್ದಳು. ಕೊಂಕಿಲ್ಲದೆ, ನಿಜವಾಗಿ ತಿಳಿದುಕೊಳ್ಳಬೇಕೆಂಬಂತೆ ಕೇಳಿದಳು.

“ಆ ಹುಡುಗನ ಮನ್ಯಾಗೆ ಯಾರು ಹೋದ್ರಂತೆ?”

ಮಾವ ಅವಳನ್ನೇ ನೋಡಿದ. ಟಿವಿ ಆರಿಸಿ ಬಂದು ಅವಳ ಪಕ್ಕ ನೆಲದ ಮೇಲೆ ಕುಳಿತ. ಅವನು ಹೇಳಬೇಕಾದದ್ದನ್ನು ಈಗ ಹೇಳುತ್ತಾನೆ ಎಂದು ನನಗೆ ಅನಿಸಿತು. ಹೇಳಲಿಲ್ಲ, ಕೇಳಿದ.

“ಅವ್ವಾ, ನಾನು ಹೋದ್ರೆ ದನಿ ತೆಗೀತೀಯಾ?”

“ಥೂ, ಏನ್ ಮಾತು ಅಂತ ಆಡ್ತೀಯಲೇ. ನನ್ನ ಮಣ್ಣು ಮಾಡೋನು ನೀನು.”

“ತೆಗೀತೀಯಾ ಇಲ್ವಾ, ಅದನ್ ಹೇಳು.”

ಅಜ್ಜಿ ಅವನ ತಲೆಯ ಕೂದಲನ್ನು ಸರಿಪಡಿಸಿದಳು. ಆ ಪ್ರಶ್ನೆ ನಮ್ಮ ಮನೆಯಲ್ಲಿ ಅವನ ಮದ್ದುಗಳ ಜೊತೆಯಲ್ಲೇ ಉಳಿಯಿತು. ಅವನು ಮತ್ತೆ ಕೇಳಲಿಲ್ಲ, ಆದರೆ ಅಜ್ಜಿ ನೀರು ಕೊಡಲು ಬಗ್ಗಿದಾಗಲೆಲ್ಲ ಅವಳ ಬಾಯನ್ನೇ ನೋಡುತ್ತಿದ್ದ.

ಅವನು ನಮ್ಮ ಮನೆಯಲ್ಲೇ, ಒಂದು ಬೆಳಿಗ್ಗೆ, ಹಾಲು ಕಾಯುವಷ್ಟರಲ್ಲಿ ಹೋದ. ಟೆಂಪೋದಲ್ಲಿ ಹಟ್ಟಿಗೆ ಒಯ್ದೆವು. ಹಟ್ಟಿಯ ಹೆಂಗಸರೆಲ್ಲ ಬಂದು ಸುತ್ತ ಕುಳಿತರು. ಮೊದಲ ಹನಿಗೆ ಕಾಯುವ ನೆಲದಂತೆ ಅವರು ಅಜ್ಜಿಯ ಕಡೆ ನೋಡುತ್ತಿದ್ದರು. ಗಂಡಸರು ದೂರ ನಿಂತರು. ಯಾರೂ ಕೆಮ್ಮಲಿಲ್ಲ.

ಅಜ್ಜಿ ಮಗನ ತಲೆಯ ಕಡೆ ಕುಳಿತಳು. ಬರಿಗಾಲನ್ನು ಮಡಚಿಕೊಂಡಳು. ಬಾಯಿ ತೆರೆದಳು. ಎಷ್ಟೋ ವರ್ಷಗಳ ಮೇಲೆ ನಾನು ಆ ದನಿಯ ಮೊದಲ ಏರನ್ನು ಅವಳ ಗಂಟಲಿನಿಂದಲೇ ಕೇಳಿದೆ. ಅದು ಮೇಲೇರಿತು. ಉಸಿರು ಮುಗಿಯುವ ಜಾಗಕ್ಕೆ ಬರುವ ಮೊದಲೇ ನಿಂತುಬಿಟ್ಟಿತು. ಅವಳು ತಲೆಯನ್ನು ಸ್ವಲ್ಪ ವಾಲಿಸಿ ಆಲಿಸುತ್ತಿದ್ದಳು. ಹಿಂದಿನಿಂದ ನಗು ಬರುವುದನ್ನು ಕಾಯುತ್ತಿದ್ದಳು ಎಂದು ನನಗೆ ಅರ್ಥವಾಗಲು ಹೊತ್ತು ಹಿಡಿಯಿತು. ಯಾರೂ ನಗಲಿಲ್ಲ. ಅಷ್ಟು ಜನರಲ್ಲಿ ಒಬ್ಬರೂ ನಗಲಿಲ್ಲ. ಆದರೂ ಅವಳಿಗೆ ಮತ್ತೆ ಎತ್ತಿಕೊಳ್ಳಲಾಗಲಿಲ್ಲ. ಅವಳು ಅವನ ಕೆನ್ನೆ ತಟ್ಟಿ, ದಿನವೂ ಮಾತಾಡುವ ದನಿಯಲ್ಲಿ, “ಏಳು ನಾಯ್ನಾ. ಬಿಸಿಲಾತು. ಕುರಿ ಬಿಟ್ಟವೆ, ಏಳು,” ಎಂದಳು. ಮತ್ತೆ ಅದನ್ನೇ ಹೇಳಿದಳು. ಸುತ್ತ ಕುಳಿತ ಹೆಂಗಸರಿಗೆ ಎಲ್ಲಿ ದನಿಗೂಡಿಸಬೇಕೆಂದು ತಿಳಿಯಲಿಲ್ಲ. ಅವರು ಒಬ್ಬೊಬ್ಬರೇ, ತಮ್ಮತಮ್ಮಷ್ಟಕ್ಕೆ, ಸೆರಗು ಕಚ್ಚಿಕೊಂಡು ಅತ್ತರು. ಎಲ್ಲರಿಗೂ ಹಾಡು ಕೊಟ್ಟೆನೆಂದು ಹೇಳಿಕೊಳ್ಳುತ್ತಿದ್ದ ಮಾವ ಹಾಗೆಯೇ, ದನಿಯಿಲ್ಲದೆ ಮಣ್ಣಿಗೆ ಹೋದ.

ನಾನು ಆಗಲೂ ಕೇಳುತ್ತಿದ್ದೆ, ಈಗಲೂ ಕೇಳುತ್ತೇನೆ. ಇದಕ್ಕೆ ಯಾರು ಹೊಣೆ? ಜೋರಾಗಿ ಓಡಿಸು ಎಂದ ನಿರ್ಮಾಪಕನಿಗೆ ಒಬ್ಬ ಮುದುಕಿಯ ಬಾಯಿ ಕಟ್ಟಿದ್ದು ತಿಳಿಯಲೇ ಇಲ್ಲ. ಕಂಪನಿಯ ಕಾಗದಗಳಲ್ಲಿ ಎಲ್ಲವೂ ಸರಿಯಾಗಿರುತ್ತದೆ. ಪಠ್ಯಪುಸ್ತಕ ಕರ್ತೃವಿಲ್ಲ ಎನ್ನುತ್ತದೆ. ಸನ್ಮಾನ ಮಾಡಿದ ಊರು ಶಾಲು ಹೊದಿಸಿ ಕೈ ತೊಳೆದುಕೊಂಡಿತು. ಉತ್ತರ ಹೇಳಬಹುದಾಗಿದ್ದ ಒಬ್ಬನೇ ಒಬ್ಬನನ್ನು ನಾವು ಮಣ್ಣು ಮಾಡಿ ಬಂದಿದ್ದೆವು.

ತಿಥಿಯ ಕಾರ್ಯಗಳೆಲ್ಲ ಮುಗಿದ ಮೇಲೆ ಅಜ್ಜಿಯನ್ನು ಹಟ್ಟಿಯಲ್ಲಿ ಬಿಡಲು ಮನಸ್ಸಾಗದೆ ಅವ್ವ ಮತ್ತು ನಾನು ಚಳ್ಳಕೆರೆಗೆ ಕರೆದುಕೊಂಡು ಹೊರಟೆವು. ಮೊಳಕಾಲ್ಮುರಿನಲ್ಲಿ ಖಾಸಗಿ ಬಸ್ಸು ಹತ್ತಿದೆವು. ಅಜ್ಜಿ ಕಿಟಕಿಯ ಬದಿಗೆ, ನಾನು ಪಕ್ಕದಲ್ಲಿ, ಅವ್ವ ಹಿಂದೆ. ಬಿ.ಜಿ. ಕೆರೆ ದಾಟುವವರೆಗೆ ಡ್ರೈವರ್ ಕನ್ನಡದ ಹಾಡುಗಳನ್ನು ಹಾಕಿದ್ದ. ಆಮೇಲೆ ಯಂತ್ರದ ಬಡಿತ ಶುರುವಾಯಿತು. ಅದೇ ಹಾಡು, ಆ ಹೊಸ ಹುಡುಗನದು.

ನಾನು ತಟ್ಟನೆ ಎದ್ದೆ. “ರೀ, ಆರಿಸ್ರೀ ಅದನ್ನ!” ಎಂದು ಕೂಗಲು ಬಾಯಿ ತೆರೆದಾಗ ಅಜ್ಜಿ ನನ್ನ ಕೈ ಹಿಡಿದು ಕೆಳಗೆಳೆದಳು.

“ಕುಂದ್ರೇ. ಬಿಡು, ಇರ್ಲಿ.”

ಅವಳು ಬಗ್ಗಿ ಚಪ್ಪಲಿ ಕಳಚಿ ಸೀಟಿನ ಕೆಳಗೆ ತಳ್ಳಿದಳು. ಸೆರಗನ್ನು ತಲೆಯ ಮೇಲೆ ಎಳೆದುಕೊಂಡಳು. ಮುಂದಿನ ಸೀಟಿನ ಕಂಬಿಯನ್ನು ಎರಡೂ ಕೈಗಳಿಂದ ಹಿಡಿದುಕೊಂಡು, ಆ ಹಾಡಿನ ಒಳಗೆ ಬಾಯಿ ಇಟ್ಟಳು. ಅವನ ಹಾರ್ಮೋನಿಯಂ, ಡೇರೆಯ ಹಿಂದೆ ಓಡಿಹೋದ ಅವನ ಕಾಲು, ಫೋನಿನಲ್ಲಿ ಇದೀನವ್ವಾ ಎಂದ ಅವನ ಕೂಗು, ಎಲ್ಲವನ್ನೂ ಕನ್ನಡ ತೆಲುಗು ಬೆರೆಸಿ ಹೆಸರು ಹಿಡಿದು ಕರೆಯುತ್ತ, ಆ ಓಡುವ ಬಡಿತದೊಳಗೆ ತುಂಬಲು ನೋಡಿದಳು. ಒಂದು ಮಾತು ಮುಗಿಯುವಷ್ಟರಲ್ಲಿ ಹಾಡು ಮುಂದಕ್ಕೆ ಹೋಗಿರುತ್ತಿತ್ತು. ಅವಳು ಉಸಿರು ಕಟ್ಟಿ ಹಿಂದೆ ಓಡಿ ಇನ್ನೊಂದು ಮಾತನ್ನು ಹಾಕುತ್ತಿದ್ದಳು. ಮತ್ತೆ ಅದು ದಾಟಿ ಹೋಗುತ್ತಿತ್ತು.

ಹಿಂದಿನ ಸೀಟಿನಿಂದ ಅವ್ವ ಬಗ್ಗಿ, ಅಜ್ಜಿಯ ದನಿ ಕಡಿಯುವ ಜಾಗವನ್ನು ಹುಡುಕುತ್ತಿದ್ದಳು, ಎತ್ತಿಕೊಳ್ಳಬೇಕೆಂದು. ಅದು ಸಿಗುತ್ತಿರಲಿಲ್ಲ.

ಎದುರು ಸಾಲಿನಲ್ಲಿ ಕುಳಿತಿದ್ದ ಕಾಲೇಜು ಓದುವ ಹುಡುಗ ಗೆಳೆಯನ ತೋಳು ತಿವಿದ. “ಲೇ, ನೋಡಲೇ ಅಜ್ಜಿನ. ಎಷ್ಟು ಜೋರಾಗಿ ಹಾಡ್ತೈತೆ.”

ಡ್ರೈವರ್ ಕನ್ನಡಿಯಲ್ಲಿ ನೋಡಿ ನಕ್ಕು, ಅಜ್ಜಿಯ ಖುಷಿಗೆಂದು ಸದ್ದನ್ನು ಇನ್ನಷ್ಟು ಏರಿಸಿದ.